ಅಮೆರಿಕದ ಕಾಂಗ್ರೆಸ್ ಚುನಾವಣೆ: ಮೇಹ್ಯೂ ಮತ್ತು ಫೆನ್ನೊ

ಪ್ರತಿನಿಧಿ ಸಭೆಯ 435 ಸ್ಥಾನಗಳಿಗೂ 2 ವರ್ಷಕ್ಕೊಮ್ಮೆ ಚುನಾವಣೆ. ಸೆನೆಟ್‌ನ 100 ಸದಸ್ಯರ ಅವಧಿ 6 ವರ್ಷ. ಮೂರನೇ ಒಂದರಷ್ಟು ಸ್ಥಾನಗಳಿಗೆ 2 ವರ್ಷಕ್ಕೊಮ್ಮೆ ಚುನಾವಣೆ. ಇಷ್ಟು ನೋಡಿ ‘ನಮ್ಮ ರಾಜ್ಯಸಭೆಯಂತೆಯೇ’ ಎಂದುಕೊಂಡು ಮೋಸಹೋಗಬೇಡಿ: 1913ರ 17ನೇ ತಿದ್ದುಪಡಿಯಿಂದ ಸೆನೆಟರ್‌ಗಳನ್ನು ಜನರೇ ನೇರವಾಗಿ ಆರಿಸುತ್ತಾರೆ; ರಾಜ್ಯಸಭೆಗೆ ಅಂಥ ನೇರ ಚುನಾವಣೆ ಇಲ್ಲ.

ಈ ಚುನಾವಣೆಗಳ ಅಧ್ಯಯನದಲ್ಲಿ ಎರಡು ಹೆಸರು ನೆನಪಿರಲಿ. ಡೇವಿಡ್ ಮೇಹ್ಯೂ 1974ರಲ್ಲಿ ಸದಸ್ಯರ ನಡೆಯನ್ನು ಮರುಆಯ್ಕೆಯ ಹಂಬಲದಿಂದಲೇ ವಿವರಿಸಿದರು: ಹೆಸರಿನ ಪ್ರಚಾರ, ಆದ ಕೆಲಸದ ಶ್ರೇಯ ತನ್ನದೆನ್ನುವುದು, ಜನ ಮೆಚ್ಚುವ ನಿಲುವು ಸಾರುವುದು. ರಿಚರ್ಡ್ ಫೆನ್ನೊ ಸದಸ್ಯರ ಬೆನ್ನುಹತ್ತಿ ಅವರವರ ಕ್ಷೇತ್ರಗಳನ್ನೇ ಸುತ್ತಿದರು. 1978ರ ‘ಹೋಮ್ ಸ್ಟೈಲ್’ ಆ ತಿರುಗಾಟದ ಫಲ. ಫೆನ್ನೊ ಒಂದು ವಿಚಿತ್ರವನ್ನೂ ಗುರುತಿಸಿದರು: ಕಾಂಗ್ರೆಸ್ಸನ್ನು ಬಾಯ್ತುಂಬ ಬೈಯುವ ಮತದಾರ ತನ್ನ ಕ್ಷೇತ್ರದ ಸದಸ್ಯನನ್ನು ಮಾತ್ರ ಮತ್ತೆ ಗೆಲ್ಲಿಸುತ್ತಾನೆ. ಇದೇ ‘ಫೆನ್ನೊ ವಿರೋಧಾಭಾಸ’.