ಆಯುಧದ ಹೊಣೆ ಯಾರದು?

ಮಸೀದಿಗಾಗಲಿ ಪೇಟೆಗಾಗಲಿ ಬಾಣ ಹಿಡಿದು ಬರುವವನು ಅದರ ಮೊನೆಯನ್ನು ಕೈಯಲ್ಲಿ ಹಿಡಿದುಕೊಳ್ಳಬೇಕು, ಅದರಿಂದ ಯಾರಿಗೂ ಗಾಯವಾಗಬಾರದು ಎಂದು ಪ್ರವಾದಿ ಮುಹಮ್ಮದ್(ಸ) ಆಜ್ಞಾಪಿಸಿದ್ದರು. ಹಝ್ರತ್ ಅಬೂ ಮೂಸಾ ಅಶ್‌ಅರೀ(ರ) ವರದಿ ಮಾಡಿದ ಈ ಹದೀಸ್ ಬುಖಾರಿ ಮತ್ತು ಮುಸ್ಲಿಮ್ ಗ್ರಂಥಗಳೆರಡರಲ್ಲೂ ಇದೆ. ಇಲ್ಲೊಂದು ವಿಷಯವನ್ನು ಗಮನಿಸಬೇಕು. ಹಾಗೆ ಬಾಣ ಹಿಡಿದು ಬಂದವನು ಕೊಲೆಗಡುಕನಲ್ಲ. ಅವನು ನಮಾಝ್‌ಗೆ ಬಂದವನು, ಸಾಮಾನು ಕೊಳ್ಳಲು ಬಂದವನು. ಅವನ ಉದ್ದೇಶದಲ್ಲಿ ಕೇಡಿಲ್ಲ. ಆದರೂ ಆ ಅಪ್ಪಣೆ ಅವನಿಗೇ ಅನ್ವಯಿಸುತ್ತದೆ. ಉದ್ದೇಶ ಒಳ್ಳೆಯದಾಗಿದ್ದರೆ ಸಾಲದು, ಮೊನೆಯೂ ಹಿಡಿತದಲ್ಲಿರಬೇಕು.

ಸಹೋದರನತ್ತ ಆಯುಧ ತೋರಿಸುವುದನ್ನೂ ಪ್ರವಾದಿವರ್ಯರು(ಸ) ನಿಷೇಧಿಸಿದ್ದಾರೆ. ಶೈತಾನನು ಅವನ ಕೈಯನ್ನು ಎಳೆದುಬಿಟ್ಟಾನು, ಅವನು ನರಕದ ಗುಂಡಿಗೆ ಬಿದ್ದಾನು ಎಂಬುದೇ ಅದಕ್ಕೆ ಕೊಟ್ಟ ಕಾರಣ. ಒಡಹುಟ್ಟಿದವನತ್ತ ತೋರಿಸಿದರೂ ಮಲಕ್‌ಗಳ ಶಾಪವಿದೆ ಎಂದು ಇನ್ನೊಂದು ಹದೀಸ್ ಎಚ್ಚರಿಸುತ್ತದೆ. ಒರೆ ಕಳಚಿದ ಖಡ್ಗವನ್ನು ಒಬ್ಬರಿಂದ ಒಬ್ಬರಿಗೆ ದಾಟಿಸುವುದಕ್ಕೂ ತಡೆಯಿದೆ. ಬಾಣ ಮತ್ತು ಖಡ್ಗದ ಕಾಲದಲ್ಲೇ ಇಷ್ಟು ಎಚ್ಚರಿಕೆ ಬೇಕಿತ್ತೆಂದರೆ, ಕೋವಿಯ ಕಾಲದಲ್ಲಿ ಎಷ್ಟು ಬೇಕು?

2019ರ ಮಾರ್ಚ್ 15, ಶುಕ್ರವಾರ. ನ್ಯೂಝಿಲೆಂಡಿನ ಕ್ರೈಸ್ಟ್‌ಚರ್ಚ್ ನಗರದ ಅನ್ನೂರ್ ಮಸೀದಿ ಮತ್ತು ಲಿನ್‌ವುಡ್ ಇಸ್ಲಾಮಿಕ್ ಸೆಂಟರ್‌ನಲ್ಲಿ ಜುಮುಅಕ್ಕೆ ಸೇರಿದ್ದವರ ಮೇಲೆ ಒಬ್ಬ ಜನಾಂಗದ್ವೇಷಿ ಗುಂಡಿನ ಮಳೆಗರೆದನು. 51 ಮಂದಿ ಪ್ರಾಣ ಕಳೆದುಕೊಂಡರು. ಅವರಲ್ಲಿ 3 ವರ್ಷದ ಮಗುವೂ ಇತ್ತು. ಒಂದು ಜೀವವನ್ನು ಅನ್ಯಾಯವಾಗಿ ಕೊಂದವನು ಇಡೀ ಮಾನವಕುಲವನ್ನೇ ಕೊಂದಂತೆ ಎಂದು ಕುರ್‌ಆನ್ ಕಲಿಸುವಾಗ, 51 ಜೀವಗಳ ಲೆಕ್ಕವನ್ನು ಯಾವ ತಕ್ಕಡಿಯಲ್ಲಿ ತೂಗುವುದು?

ಹಂತಕನ ದ್ವೇಷದ ಬಗ್ಗೆ ಬಹಳಷ್ಟು ಚರ್ಚೆ ನಡೆದಿದೆ. ಅವನ ಕೈಗೆ ಆ ಕೋವಿಗಳು ಬಂದ ದಾರಿಯನ್ನೂ ನಾವು ತಿಳಿದುಕೊಳ್ಳಬೇಕು. ಅವನು ಅವುಗಳನ್ನು ಕದ್ದಿರಲಿಲ್ಲ. 2017ರ ನವೆಂಬರ್‌ನಲ್ಲಿ ಅವನಿಗೆ ಲೈಸೆನ್ಸ್ ಸಿಕ್ಕಿತ್ತು. ಅದನ್ನು ತೋರಿಸಿಯೇ ಅವನು ಕೋವಿಗಳನ್ನು ಖರೀದಿಸಿದ್ದನು. ಸಾಮಾನ್ಯ ಲೈಸೆನ್ಸ್ ಇದ್ದವರು ಕಡಿಮೆ ಗುಂಡು ಹಿಡಿಯುವ ಮ್ಯಾಗಝೀನಿನ ಅರೆಸ್ವಯಂಚಾಲಿತ ಕೋವಿಯನ್ನು ಕೊಳ್ಳಬಹುದಿತ್ತು. ಹೆಚ್ಚು ಗುಂಡು ಹಿಡಿಯುವ ಮ್ಯಾಗಝೀನನ್ನು ಮಾತ್ರ ಲೈಸೆನ್ಸೇ ಇಲ್ಲದೆ ಕೊಳ್ಳಬಹುದಿತ್ತು. ಎರಡನ್ನೂ ಜೋಡಿಸುವುದು ಅಪರಾಧವಾಗಿತ್ತು. ಆದರೆ ಮನೆಯೊಳಗೆ ಕುಳಿತು ಜೋಡಿಸುವವನನ್ನು ತಡೆಯುವವರಾರು?

ಲೈಸೆನ್ಸ್ ಅರ್ಜಿಗೆ ಅವನನ್ನು ಬಲ್ಲವರ ಸಾಕ್ಷ್ಯವೂ ಬೇಕಿತ್ತು. ನಿಕಟ ಬಂಧುವಿನ ಬದಲು, ಹೆಚ್ಚಾಗಿ ಅಂತರಜಾಲದ ಆಟದ ಮೂಲಕ ಬಲ್ಲ ಗೆಳೆಯನೊಬ್ಬನ ಮಾತನ್ನೇ ಪೊಲೀಸರು ಒಪ್ಪಿಕೊಂಡರು. ಈ ಪರಿಶೀಲನೆ ಸಮರ್ಪಕವಾಗಿರಲಿಲ್ಲವೆಂದು 2020ರಲ್ಲಿ ವರದಿ ಕೊಟ್ಟ ರಾಯಲ್ ಕಮಿಷನ್ ಹೇಳಿತು. ಪ್ರತಿಯೊಂದು ಕೋವಿಯೂ ಸರಕಾರದ ದಾಖಲೆಯಲ್ಲಿರಬೇಕೆಂದು 1997ರಲ್ಲೇ ನಿವೃತ್ತ ನ್ಯಾಯಾಧೀಶ ಥಾರ್ಪ್ ಅವರ ವರದಿ ಶಿಫಾರಸು ಮಾಡಿತ್ತು. ಆ ದಾಖಲೆ ಆರಂಭವಾದದ್ದು 2023ರಲ್ಲಿ.

ದ್ವೇಷ ಒಬ್ಬನದು, ಪಾಪವೂ ಅವನದೇ. ಆದರೆ ಮೊನೆಯನ್ನು ಹಿಡಿದುಕೊಳ್ಳಬೇಕಾಗಿದ್ದ ಕೈಗಳು ಹಲವಿದ್ದವು. ಕಾನೂನು ಮಾಡುವವರು, ಪರಿಶೀಲಿಸುವವರು, ಸಾಕ್ಷಿ ನುಡಿಯುವವರು, ಮಾರುವವರು — ಎಲ್ಲರ ಬಳಿಯೂ ಒಂದೊಂದು ಅಮಾನತ್ ಇತ್ತು.

ಆ ದೇಶ ಪಾಠ ಕಲಿತದ್ದನ್ನೂ ಹೇಳದಿದ್ದರೆ ನ್ಯಾಯವಾಗದು. ಘಟನೆ ನಡೆದು ಒಂದು ತಿಂಗಳು ತುಂಬುವ ಮೊದಲೇ, 2019ರ ಏಪ್ರಿಲ್ 10ರಂದು, ಹೆಚ್ಚಿನ ಅರೆಸ್ವಯಂಚಾಲಿತ ಕೋವಿಗಳನ್ನು ನಿಷೇಧಿಸುವ ಮಸೂದೆಯನ್ನು ಪಾರ್ಲಿಮೆಂಟ್ ಅಂಗೀಕರಿಸಿತು. ಪರವಾಗಿ 119 ಮತ, ವಿರುದ್ಧವಾಗಿ ಒಂದೇ ಒಂದು. ಆ ವರ್ಷಾಂತ್ಯದೊಳಗೆ ಸರಕಾರ ಬೆಲೆ ಕೊಟ್ಟು 56,000ಕ್ಕೂ ಮಿಕ್ಕಿದ ಕೋವಿಗಳನ್ನು ಜನರಿಂದ ಹಿಂಪಡೆಯಿತು. ಅವುಗಳನ್ನು ಒಪ್ಪಿಸಿದವರಲ್ಲಿ ಹೆಚ್ಚಿನವರು ಯಾವ ತಪ್ಪನ್ನೂ ಮಾಡದವರು. ಮಸೀದಿಯಲ್ಲಿ ಮೊನೆ ಹಿಡಿದು ನಡೆದ ಆ ಸಜ್ಜನನಂತೆ, ಇತರರ ಸುರಕ್ಷೆಗಾಗಿ ಅವರು ತಮ್ಮ ಹಕ್ಕಿನ ಒಂದಂಶವನ್ನು ಬಿಟ್ಟುಕೊಟ್ಟರು.

“ಕೊಲ್ಲುವವನು ಕತ್ತಿಯಿಂದಲೂ ಕೊಲ್ಲುತ್ತಾನಲ್ಲ, ಕೋವಿಯನ್ನೇಕೆ ದೂಷಿಸಬೇಕು?” ಎಂದು ಕೆಲವರು ಕೇಳುತ್ತಾರೆ. ಕತ್ತಿಯ ಎದುರು ಓಡಲು ಅವಕಾಶವಿದೆ, ತಡೆಯಲು ಅವಕಾಶವಿದೆ, ಹಿಡಿದವನಿಗೆ ಮನಸ್ಸು ಬದಲಿಸಲೂ ಅವಕಾಶವಿದೆ. ಸಿಟ್ಟು ಬಂದಾಗ ನಿಂತವನು ಕುಳಿತುಕೊಳ್ಳಲಿ, ಆಗಲೂ ತಣಿಯದಿದ್ದರೆ ಮಲಗಲಿ ಎಂದು ಪ್ರವಾದಿವರ್ಯರು(ಸ) ಬೋಧಿಸಿದ್ದು ಆ ಅವಕಾಶ ಸಿಗಲೆಂದೇ ಅಲ್ಲವೇ? ಕೋವಿಯ ಕುದುರೆ ಎಳೆಯುವವನಿಗೆ ಕುಳಿತುಕೊಳ್ಳುವಷ್ಟೂ ಸಮಯ ಸಿಗುವುದಿಲ್ಲ.

ಜನಸಾಮಾನ್ಯರ ಮನೆಗಳಲ್ಲಿ ಕೋವಿ ತುಂಬಿರುವ ಅಮೆರಿಕದ ಲೆಕ್ಕವನ್ನು ನೋಡಿ. 2021ರಲ್ಲಿ ಅಲ್ಲಿ ಗುಂಡಿನಿಂದ ಸತ್ತವರು 48,830 ಮಂದಿ. ಅವರಲ್ಲಿ 26,328 ಮಂದಿ ಆತ್ಮಹತ್ಯೆ ಮಾಡಿಕೊಂಡವರು. ಅಂದರೆ ಅರ್ಧಕ್ಕಿಂತಲೂ ಹೆಚ್ಚು. ಕಳ್ಳನಿಗೆಂದು ಇಟ್ಟುಕೊಂಡ ಆಯುಧ ಹತಾಶೆಯ ಒಂದು ಗಳಿಗೆಯಲ್ಲಿ ಮನೆಯವರತ್ತಲೇ ತಿರುಗಬಹುದು. ಆ ಗಳಿಗೆ ದಾಟಿದ್ದರೆ ಎಷ್ಟೋ ಮಂದಿ ಬದುಕುತ್ತಿದ್ದರು.

ಇಸ್ಲಾಮ್ ಆಯುಧವನ್ನೇ ಹರಾಮ್ ಎಂದಿಲ್ಲ. ಬೇಟೆಗೆ, ಆತ್ಮರಕ್ಷಣೆಗೆ ಅನುಮತಿಯಿದೆ. ನಮ್ಮ ಮಲೆನಾಡಿನಲ್ಲೂ ಕೊಡಗಿನಲ್ಲೂ ಬೆಳೆ ಕಾಯಲು ಕೋವಿ ಇಟ್ಟುಕೊಂಡ ಮನೆಗಳಿವೆ. ಅಂಥ ಮನೆಯವರು ಗುಂಡು ತೆಗೆದು ಕೋವಿಯನ್ನು ಬೀಗದೊಳಗೆ ಇಡಲಿ, ಗುಂಡುಗಳು ಬೇರೆ ಕಡೆ ಇರಲಿ. ಬೀಗದ ಕೈ ಮಕ್ಕಳಿಗೆ ಸಿಗದಿರಲಿ. ಮನೆಯಲ್ಲಿ ಯಾರಾದರೂ ಮನನೊಂದಿದ್ದರೆ, ಕುಡಿತದ ಚಟಕ್ಕೆ ಬಿದ್ದಿದ್ದರೆ, ಕೋವಿಯನ್ನು ಕಾನೂನಿನ ಪ್ರಕಾರ ಹೊರಗೆ ಒಪ್ಪಿಸಿಬಿಡುವುದೇ ಲೇಸು. ಇತರರ ಜೀವಕ್ಕೆ ಅಪಾಯವಾಗುವಂತೆ ಮದುವೆಯ ಸಂಭ್ರಮದಲ್ಲಿ ಗುಂಡು ಹಾರಿಸುವುದು 2019ರ ತಿದ್ದುಪಡಿಯ ಬಳಿಕ ನಮ್ಮ ದೇಶದಲ್ಲೂ ಪ್ರತ್ಯೇಕ ಅಪರಾಧವಾಗಿದೆ. ಇನ್ನು, ಒಬ್ಬನ ನಡತೆಯ ಬಗ್ಗೆ ಪೊಲೀಸರು ನಿಮ್ಮನ್ನು ವಿಚಾರಿಸಿದರೆ ದಾಕ್ಷಿಣ್ಯಕ್ಕೆ ಬಿದ್ದು “ಒಳ್ಳೆಯವನೇ” ಎಂದುಬಿಡಬೇಡಿ. ಸಾಕ್ಷ್ಯವು ಸ್ವಂತಕ್ಕೆ, ಹೆತ್ತವರಿಗೆ, ಬಂಧುಗಳಿಗೆ ವಿರುದ್ಧವಾದರೂ ಸತ್ಯವನ್ನೇ ನುಡಿಯಬೇಕೆಂಬುದು ಕುರ್‌ಆನಿನ ಆದೇಶ (ಅನ್ನಿಸಾ: 135).

ಕೋವಿಯೇ ಇಲ್ಲದ ಮನೆಗಳಿಗೂ ಇಲ್ಲಿ ಪಾಠವಿದೆ. ಈದ್‌ನ ದಿನ ಮಕ್ಕಳಿಗೆ ಆಟಿಕೆ ಪಿಸ್ತೂಲು ಕೊಡಿಸುತ್ತೇವೆ. ಹುಡುಗ ಅದನ್ನು ತಮ್ಮನ ಮುಖಕ್ಕೆ ಗುರಿಯಿಟ್ಟು “ಠಾ” ಎಂದಾಗ ನಾವು ನಗುತ್ತೇವೆ. ಮುಂದಿನ ಈದ್‌ಗೆ ಹಾಗೆ ನಗದಿರೋಣ. ಅವನ ಕೈಯನ್ನು ಮೆಲ್ಲನೆ ಕೆಳಗಿಳಿಸಿ, ಹತ್ತಿರ ಕೂರಿಸಿಕೊಂಡು, ಮಸೀದಿಗೆ ಬಾಣ ತಂದವನ ಹದೀಸನ್ನು ಹೇಳಿಕೊಡೋಣ. ಯಾರ ಕೈಯಿಂದ, ಯಾರ ನಾಲಗೆಯಿಂದ ಜನರು ಸುರಕ್ಷಿತರೋ ಅಂಥವರ ಸಾಲಿನಲ್ಲಿ ಅಲ್ಲಾಹನು ನಮ್ಮನ್ನೂ ನಮ್ಮ ಮಕ್ಕಳನ್ನೂ ಸೇರಿಸಲಿ. ಆಮೀನ್.