ಮಡಚುವ ಬಾಗಿಲಿಗೆ ಗೋಡೆಯಲ್ಲಿ ಎಷ್ಟು ತೆರಪು ಬಿಡಬೇಕು?

ಅಂಗಡಿಯ ಹಳೆಯ ಹಲಗೆ ಬಾಗಿಲನ್ನು ತೆಗೆದು ಮಡಚುವ ಬಾಗಿಲನ್ನು ಕೂರಿಸಲು ಯೋಚಿಸುತ್ತಿರುವ ವರ್ತಕ ಬಾಂಧವರಿಗಾಗಿ ಈ ಲೇಖನ. ಲೆಕ್ಕಪರಿಶೋಧಕನಿಗೆ ಬಡಗಿಯ ಮಾತೇಕೆ ಎಂದು ಕೆಲವರು ಕೇಳಬಹುದು. ಸಾಗರದ ಕಕ್ಷಿದಾರರೊಬ್ಬರ ಬಿಲ್ಲುಗಳಲ್ಲಿ ಒಂದೇ ಬಾಗಿಲಿನ ವೆಚ್ಚ ಎರಡು ಸಲ ಕಂಡುದೇ ಇದಕ್ಕೆ ಕಾರಣ. ಅವರು ನೆಲಕ್ಕೆ ಟೈಲ್ಸ್ ಹಾಕುವ ಮೊದಲೇ ಅಳತೆ ಕೊಟ್ಟಿದ್ದರು. ನೆಲ 50 ಮಿ.ಮೀ. ಏರಿತು, ಬಾಗಿಲಿನ ಕೆಳಭಾಗವನ್ನು ಕೊಯ್ಯಬೇಕಾಯಿತು. ಬಣ್ಣ ಕಾಣದ ಆ ಅಂಚು ನೀರು ಕುಡಿದು ಆಷಾಢದಲ್ಲಿ ಬಾಗಿಲು ಮಡಚಲೇ ಇಲ್ಲ.

ಲೆಕ್ಕವನ್ನು ಬಾಗಿಲಿನಿಂದ ಆರಂಭಿಸಿ ಗೋಡೆಯ ಕಡೆಗೆ ಹೋಗಬೇಕು. 600 ಮಿ.ಮೀ. ಅಗಲದ ನಾಲ್ಕು ಪಟ್ಟಿಗಳಿವೆಯೆನ್ನೋಣ: ಒಟ್ಟು 2,400. ಪಟ್ಟಿಗಳ ನಡುವೆ ಮೂರು, ಎರಡು ಬದಿಗಳಲ್ಲಿ ಎರಡು, ಹೀಗೆ ಐದು ಸಂದುಗಳು. ತಲಾ 4 ಮಿ.ಮೀ.ಯಂತೆ 20. ಚೌಕಟ್ಟಿನ ಒಳ ಅಗಲ 2,420 ಆಯಿತು. ಚೌಕಟ್ಟಿನ ಮರ 75 ಮಿ.ಮೀ. ದಪ್ಪವಿದ್ದರೆ ಎರಡು ಬದಿಗೆ 150, ಗೋಡೆಗೂ ಚೌಕಟ್ಟಿಗೂ ನಡುವೆ ತಲಾ 10ರಂತೆ 20. ಗೋಡೆಯ ತೆರಪು 2,590 ಮಿ.ಮೀ., ಅಂದರೆ ಸುಮಾರು ಎಂಟೂವರೆ ಅಡಿ. ಎತ್ತರವೂ ಹೀಗೆಯೇ: ಪಟ್ಟಿ 2,100, ಮೇಲಿನ ಹಳಿಗೆ 40, ಕೆಳಗಿನ ಸಂದು 10, ಚೌಕಟ್ಟಿನ ತಲೆಮರ 75, ಮೇಲಿನ ತೆರಪು 10, ಒಟ್ಟು 2,235. ಇದು ಸಿದ್ಧನೆಲದಿಂದ. ಕಾಂಕ್ರೀಟಿನಿಂದ ಅಳೆಯುವುದಾದರೆ ಟೈಲ್ಸ್ ಮತ್ತು ಗಾರೆಯ 50 ಸೇರಿಸಿ 2,285. ಹಳಿ ಮತ್ತು ಸಂದಿನ ಅಳತೆಗಳಿಗೆ ಮಾತ್ರ ತಯಾರಕರ ಪಟ್ಟಿಯೇ ಪ್ರಮಾಣ.

ಸಂದನ್ನು ಉಳಿತಾಯ ಮಾಡಹೋಗಬಾರದು. ಮರ ಉದ್ದಕ್ಕಿಂತ ಅಡ್ಡಕ್ಕೆ ಹೆಚ್ಚು ಹಿಗ್ಗುತ್ತದೆ. ಪ್ರತಿ ಪಟ್ಟಿಯಲ್ಲಿ 100 ಮಿ.ಮೀ. ಅಗಲದ ಎರಡು ನಿಲುಮರಗಳಿದ್ದರೆ ನಾಲ್ಕು ಪಟ್ಟಿಗೆ 800. ಶೇಕಡಾ 1ರಷ್ಟು ಹಿಗ್ಗಿದರೂ 8 ಮಿ.ಮೀ. ಹೋಯಿತು. ವರ್ಷಕ್ಕೆ ಸರಾಸರಿ 7,000 ಮಿ.ಮೀ.ಗೂ ಮೀರಿ ಮಳೆ ಸುರಿಯುವ ಆಗುಂಬೆಯ ಸೀಮೆ ನಮ್ಮದು. ಬಾಗಿಲಿನ ಆರೂ ಮುಖಗಳಿಗೆ, ಮುಖ್ಯವಾಗಿ ಕೆಳ ಅಂಚಿಗೆ, ಬಣ್ಣ ಹೊಡೆದ ಮೇಲೆಯೇ ತೂಗಿಸಬೇಕು.

ಮೇಲಿನ ಹಳಿಯಿಂದ ತೂಗುವ ಬಾಗಿಲಿನ ಭಾರವೆಲ್ಲ ಲಿಂಟಲಿನ ಮೇಲೆ. ಅದು ಬಾಗಿದರೆ ಹಳಿಯೂ ಬಾಗುತ್ತದೆ. ಎರಡು ಬದಿಗೂ 200 ಮಿ.ಮೀ. ಗೋಡೆಯ ಮೇಲೆ ಕೂರುವಂತೆ ಲಿಂಟಲು 2,990 ಇರಲಿ. ಕಬ್ಬಿಣದ ಲೆಕ್ಕವನ್ನು ಎಂಜಿನಿಯರರಿಗೆ ಬಿಡಿ. ಹಳೆಯ ಜಂಬಿಟ್ಟಿಗೆ ಗೋಡೆಯನ್ನು ಒಡೆಯುವಾಗ ಮೇಲ್ಭಾಗಕ್ಕೆ ಆಧಾರ ಕೊಡದೆ ಒಂದು ಕಲ್ಲನ್ನೂ ಕೀಳಬಾರದು. ಚೌಕಟ್ಟು ನಿಂತ ಮೇಲೆ ಎರಡು ಕರ್ಣಗಳನ್ನೂ ಅಳೆಯಿರಿ; ಅವು ಸಮನಾಗದಿದ್ದರೆ ಚೌಕಟ್ಟು ಓರೆಯಾಗಿದೆ.

ಇನ್ನು ನನ್ನ ಕ್ಷೇತ್ರದ ಮಾತು. ಗೋಡೆ ಒಡೆದು ಹೊಸ ತೆರಪು ಮಾಡಿದ್ದು ದುರಸ್ತಿಯಲ್ಲ, ಬಂಡವಾಳ ವೆಚ್ಚ. ಬಾಡಿಗೆಯ ಮಳಿಗೆಯಾದರೂ ಅದನ್ನು ಒಂದೇ ವರ್ಷದ ಖರ್ಚಾಗಿ ತೋರಿಸಲಾಗದು. ಸವಕಳಿಯಾಗಿ ವರ್ಷವರ್ಷ ಸ್ವಲ್ಪಸ್ವಲ್ಪವೇ ಸಿಗುತ್ತದೆ. ಕಟ್ಟಡದ ಖಾತೆಗೆ ಸೇರಿದ ಇಂಥ ಕೆಲಸದ ಮೇಲಿನ ಜಿಎಸ್‌ಟಿಗೆ, 2017ರ ಕಾಯ್ದೆಯ 17(5)ನೇ ಕಲಮಿನ ಪ್ರಕಾರ, ಹೂಡುವಳಿ ತೆರಿಗೆಯ ಜಮೆಯೂ ಇಲ್ಲ. ಆ ಕಕ್ಷಿದಾರರು ಎರಡನೆಯ ಬಾಗಿಲಿನ ತೆರಿಗೆಯನ್ನೂ ಕೈಯಿಂದಲೇ ಕಟ್ಟಿದರು. ಈ ಬಾರಿ ಟೈಲ್ಸ್ ಮುಗಿದ ಮೇಲೆ, ಅಗಲವನ್ನು ಮೇಲೆ, ನಡುವೆ, ಕೆಳಗೆ ಮೂರು ಕಡೆ ಅಳೆದು, ಅವುಗಳಲ್ಲಿ ಕಡಿಮೆಯದನ್ನೇ ಬಡಗಿಗೆ ಬರೆದುಕೊಟ್ಟರು.