ಉದ್ರಿ ಲೆಕ್ಕ

ಬೀದರಿನಿಂದ ಹೈದರಾಬಾದಿಗೆ ಬಂದು ಸಾಕ್ಷ್ಯಚಿತ್ರ ಮಾಡತೊಡಗಿದ ಹೊಸತರಲ್ಲಿ ಯಾವ ಅಂಗಡಿ ಹೊಕ್ಕರೂ ನನ್ನದು ಒಂದೇ ಪ್ರಶ್ನೆ: "ಎಷ್ಟು ತಲೆಮಾರಿನಿಂದ ಈ ಕಸುಬು?" ಪತ್ಥರ್‌ಗಟ್ಟಿಯ ಮುತ್ತಿನ ವ್ಯಾಪಾರಿಯಾಗಲಿ, ಲಾಡ್ ಬಜಾರಿನ ಬಳೆಗಾರರಾಗಲಿ, ಎಲ್ಲರೂ ನಿಜಾಮರ ಕಾಲಕ್ಕೆ ಹೋಗಿಬಿಡುತ್ತಿದ್ದರು. ಹಿಂದೆ ಚಾರ್‌ಮಿನಾರ್ ಕಾಣುವಂತೆ ಶೂಟ್ ಮಾಡಿಕೊಂಡು ಬರುತ್ತಿದ್ದೆ. ಎಡಿಟಿಂಗಿಗೆ ಕೂತರೆ ಹತ್ತು ಜನರ ಮಾತೂ ಒಬ್ಬನೇ ಆಡಿದಂತಿರುತ್ತಿತ್ತು.

ಬುದ್ಧಿ ಬಂದದ್ದು ಒಂದು ಫ್ಯಾನಿನಿಂದ.

ಮೇ ತಿಂಗಳು. ಲಾಡ್ ಬಜಾರಿನ ಹಿಂದಿನ ಗಲ್ಲಿಯ ಕಿರುಕೋಣೆ. ಚಾಚಾ ಇದ್ದಿಲ ಸಿಗಡಿಯ ಮುಂದೆ ಕೂತು ಅರಗು ಕಾಯಿಸಿ, ಹಗ್ಗದಂತೆ ಎಳೆದು, ಬಳೆಯಾಗಿ ಬಾಗಿಸುತ್ತಿದ್ದರು. ಮೆತ್ತಗಿರುವಾಗಲೇ ಹರಳು ಕೂರಿಸಬೇಕು, ಆರಿದರೆ ಹಿಡಿಯದು. ಸೆಕೆ ತಾಳಲಾರದೆ ನಾನು ಮೂಲೆಯ ಫ್ಯಾನ್ ಹಾಕಿಬಿಟ್ಟೆ. ಅರಗು ಬಿರುಸಾಗಿ, ಕೂರಿಸುತ್ತಿದ್ದ ಹರಳೆಲ್ಲ ಚಾಪೆಯ ಮೇಲೆ ಉದುರಿದವು. "ಪಂಖಾ ನಕ್ಕೋ ಬೇಟಾ" ಎಂದು ಚಾಚಾ ಬಳೆಯನ್ನು ಮತ್ತೆ ಕೆಂಡಕ್ಕೆ ಹಿಡಿದರು.

ನಾಚಿಕೆಯಾಗಿ, ಎಷ್ಟು ಲುಕ್ಸಾನಾಯಿತು ಎಂದು ಕೇಳಿದೆ. ಅಲ್ಲಿಯವರೆಗೆ ನಾನು ಯಾರನ್ನೂ ದುಡ್ಡಿನ ಮಾತು ಕೇಳಿದವನಲ್ಲ. ಚಾಚಾ ಲೆಕ್ಕ ಬಿಚ್ಚಿದರು: ಅರಗು ಯಾರ ಹತ್ತಿರ ಉದ್ರಿ, ಮನೆಯಲ್ಲೇ ಹರಳು ಅಂಟಿಸುವ ಹೆಂಗಸರಿಗೆ ಜೋಡಿಗಿಷ್ಟು, ಅಂಗಡಿಯವರಿಂದ ಬಾಕಿ ಬರುವುದು ರಂಜಾನ್ ಮುಗಿದ ಮೇಲೆ, ಮಗನನ್ನು ಈ ಹೊಗೆಗೆ ಯಾಕೆ ಕೂರಿಸಲಿಲ್ಲ. ಅರ್ಧ ಗಂಟೆ ಮಾತಾಡಿದರು. ನಿಜಾಮರ ಹೆಸರೇ ಬರಲಿಲ್ಲ.

ಚಿತ್ರಕ್ಕೆ ಹಣ ಕೊಟ್ಟ ಸಂಸ್ಥೆಗೆ ಆ ಭಾಗ ಬೇಡವಾಯಿತು. ಪರಂಪರೆ ಇದ್ದರೆ ಸಾಕಂತೆ. ಕತ್ತರಿಸಿದೆ. ಇವತ್ತಿಗೂ ಚುಚ್ಚುತ್ತದೆ. ಇದೇ ಅವಳಿನಗರದ ತಿರುಮಲಗಿರಿಯಲ್ಲಿ ಹುಟ್ಟಿದ ಶ್ಯಾಮ್ ಬೆನಗಲ್ 1976ರ ‘ಮಂಥನ್’ ತೆಗೆದದ್ದು ಗುಜರಾತಿನ 5 ಲಕ್ಷ ಹೈನುಗಾರರು ತಲಾ 2 ರೂಪಾಯಿ ಹಾಕಿದ ದುಡ್ಡಿನಲ್ಲಿ. ಯಾರ ಕಥೆಯೋ ಅವರದೇ ಹಣ! ನನಗೆ ಅಂಥ ಅದೃಷ್ಟವಿಲ್ಲ. ಅದಕ್ಕೇ ಈಗ ಕರಾರಿಗೆ ಸಹಿ ಹಾಕುವ ಮೊದಲೇ ಅಂತಿಮ ಎಡಿಟ್ ಯಾರದು ಎಂದು ಬರೆಸಿಕೊಳ್ಳುತ್ತೇನೆ.

ಆಮೇಲೆ ನಮ್ಮೂರಿನ ಬಿದರಿ ಕೆಲಸದ ಚಿತ್ರಕ್ಕಿಳಿದಾಗ ಬಿದರಿಯನ್ನು ಕಪ್ಪಾಗಿಸುವ ಕೋಟೆಯ ಮಣ್ಣಿನ ಮಹಿಮೆ ಬದಿಗಿಟ್ಟು ಬೆಳ್ಳಿಯ ದರದಿಂದ ಶುರುಮಾಡಿದೆ. ಕಸುಬುದಾರರೊಬ್ಬರು ಎದ್ದುಹೋಗಿ ಎರಡು ಹೂಜಿ ತಂದು ಪಕ್ಕಪಕ್ಕ ಇಟ್ಟರು. ಒಂದರ ಮೇಲೆ ಬೆಳ್ಳಿಯ ಬಳ್ಳಿ ತುಂಬಿ ಹಬ್ಬಿತ್ತು. ದರ ಏರಿದ ವರ್ಷ ಮಾಡಿದ್ದರಲ್ಲಿ ಎಲೆಗಳು ಕಡಿಮೆ, ಕರಿ ಬಯಲು ಜಾಸ್ತಿ. ನೋಡಿದವರು ಎರಡನೆಯದನ್ನೇ ಹೊಸ ಶೈಲಿ ಎಂದು ಹೊಗಳುತ್ತಾರಂತೆ.

2024ರಲ್ಲಿ ಲಾಡ್ ಬಜಾರಿನ ಅರಗಿನ ಬಳೆಗೆ ಜಿಐ ಟ್ಯಾಗ್ ಬಂದಮೇಲೆ ಅದೇ ಗಲ್ಲಿಗೆ ಹೋದೆ. ಈ ಸಲ ಚಾಚಾನೇ ಕೇಳಿದರು: "ನಿನಗೆ ಈ ಪಿಕ್ಚರಿನಲ್ಲಿ ಏನು ಉಳಿಯುತ್ತೆ?" ನಾನು ಕಲೆ, ತೃಪ್ತಿ ಅಂತೇನೋ ತೊದಲಿದೆ. ಅವರು ಕೆಂಡ ಕೆದಕುತ್ತ ಕಾದರು.

"ಕ್ಯಾಮೆರಾ ಬಾಡಿಗೆ ಇನ್ನೂ ಉದ್ರಿ ಇದೆ ಚಾಚಾ" ಎಂದೆ.

ಅವರು ಹುಡುಗನನ್ನು ಕರೆದು ಚಹಾ ತರಲು ಕಳಿಸಿದರು.